ರಿಚರ್ಡ್ ಕ್ರಾಸ್: ಡಿಸ್ರೇಲಿ ಹೆಸರಿನಲ್ಲಿ ಓಡುವ ಸುಧಾರಣೆಗಳಲ್ಲಿ ಈತನ ಪಾಲೆಷ್ಟು?

ಓದುಮನೆ ಕೇಳಿದ್ದು:

ವಿಕ್ಟೋರಿಯಾ ಕಾಲದ ಬ್ರಿಟನ್ ಬಗ್ಗೆ ಓದುವಾಗ 1874ರಿಂದ 1880ರವರೆಗಿನ ಸಾಮಾಜಿಕ ಕಾನೂನುಗಳೆಲ್ಲ ಪ್ರಧಾನಿ ಡಿಸ್ರೇಲಿಯ ಖಾತೆಗೇ ಜಮೆಯಾಗಿರುತ್ತವೆ. ಗೃಹಮಂತ್ರಿ ರಿಚರ್ಡ್ ಆಶ್ಟನ್ ಕ್ರಾಸ್ ಹೆಸರು ಒಂದು ಸಾಲಿನಲ್ಲಿ ಬಂದು ಮಾಯವಾಗುತ್ತದೆ. ಈತ ವಕೀಲ ಅಂತ ಗೊತ್ತು, ಅದರಾಚೆ ಹೆಚ್ಚು ಗೊತ್ತಿಲ್ಲ.

ಮುಖ್ಯವಾಗಿ ತಿಳಿಯಬೇಕಿರುವುದು 1875ರ ಕೊಳೆಗೇರಿ ತೆರವು ಕಾಯ್ದೆ ದಿನನಿತ್ಯದ ಆಡಳಿತದಲ್ಲಿ ಹೇಗೆ ನಡೆಯುತ್ತಿತ್ತು ಅನ್ನುವುದು. ಅದನ್ನು ಬಳಸಬಹುದಾಗಿದ್ದ 87 ಪಟ್ಟಣಗಳಲ್ಲಿ 1881ರ ಹೊತ್ತಿಗೆ ಬಳಸಿದ್ದು 10 ಮಾತ್ರ ಅಂತ ಎಲ್ಲ ಕಡೆ ಬರೆದಿರುತ್ತಾರೆ, ಯಾಕೆ ಅಂತ ಯಾರೂ ಬಿಡಿಸಿ ಹೇಳುವುದಿಲ್ಲ. ಕಾರ್ಮಿಕ ಕಾನೂನಿನಲ್ಲಿ ಈತ ಮಾಡಿದ್ದೇನು? ಇನ್ನೊಂದು, ನಮ್ಮ 1892ರ ಇಂಡಿಯನ್ ಕೌನ್ಸಿಲ್ಸ್ ಕಾಯ್ದೆಗೆ ‘ಲಾರ್ಡ್ ಕ್ರಾಸ್ ಕಾಯ್ದೆ’ ಅನ್ನುತ್ತಾರಲ್ಲ, ಆ ಕ್ರಾಸ್ ಇವನೇನಾ?

---

ಹಳೇಗೆಜೆಟ್ ಉತ್ತರ:

ಕೊನೆಯದು ಸುಲಭ, ಅದನ್ನು ಮುಗಿಸಿಬಿಡೋಣ: ಹೌದು, ಇಬ್ಬರೂ ಒಬ್ಬನೇ. 1880ರಲ್ಲಿ ಸರ್ ರಿಚರ್ಡ್ ಆದ, 1886ರಲ್ಲಿ ವೈಕೌಂಟ್ ಕ್ರಾಸ್ ಆಗಿ ಮೇಲ್ಮನೆಗೆ ಹೋದ. ಅದೇ ವರ್ಷದಿಂದ 1892ರವರೆಗೆ ಭಾರತ ಮಂತ್ರಿ. ಹಾಗಾಗಿ ಬ್ರಿಟನ್ ಇತಿಹಾಸದವರ ಬಾಯಲ್ಲಿ ‘ಕ್ರಾಸ್ ಕಾಯ್ದೆ’ ಅಂದರೆ 1875ರ ವಸತಿ ಕಾಯ್ದೆ, ನಮ್ಮ ಸ್ಪರ್ಧಾತ್ಮಕ ಪರೀಕ್ಷೆಯವರ ಬಾಯಲ್ಲಿ 1892ರದ್ದು. ಹುಡುಕುವಾಗ ಇದೊಂದು ಗೊಂದಲ.

ಹುಟ್ಟಿದ್ದು 1823ರ ಮೇ 30, ಲ್ಯಾಂಕಾಶೈರ್‌ನ ಪ್ರೆಸ್ಟನ್ ಹತ್ತಿರದ ರೆಡ್ ಸ್ಕಾರ್‌ನಲ್ಲಿ. ಓದಿದ್ದು ರಗ್ಬಿ ಶಾಲೆ, ಆಮೇಲೆ ಕೇಂಬ್ರಿಡ್ಜ್‌ನ ಟ್ರಿನಿಟಿ. 1849ರಲ್ಲಿ ಇನ್ನರ್ ಟೆಂಪಲ್‌ನಿಂದ ಬ್ಯಾರಿಸ್ಟರ್ ಆಗಿ ಉತ್ತರ ಸರ್ಕಿಟ್‌ನಲ್ಲಿ ವಕೀಲಿಕೆ. ಇವನ ಕಸುಬು ಎಂಥದ್ದು ಅಂತ ತಿಳಿಯಲು ಅವನು ಬರೆದ ಕಾನೂನು ಪುಸ್ತಕಗಳ ವಿಷಯ ನೋಡಿದರೆ ಸಾಕು: ಒಂದು ಬಡವರನ್ನು ಯಾವ ಪ್ಯಾರಿಷ್ (ಚರ್ಚಿನ ವ್ಯಾಪ್ತಿಯ ಸ್ಥಳೀಯ ಆಡಳಿತ ಘಟಕ) ಸಾಕಬೇಕು, ಯಾವಾಗ ಹೊರಹಾಕಬಹುದು ಅನ್ನುವ ಕಾನೂನಿನ ಮೇಲೆ, ಇನ್ನೊಂದು ಸಹಲೇಖಕನೊಡನೆ ಬರೆದ, ಮ್ಯಾಜಿಸ್ಟ್ರೇಟರು ವರ್ಷಕ್ಕೆ ನಾಲ್ಕು ಬಾರಿ ನಡೆಸುತ್ತಿದ್ದ ಕ್ವಾರ್ಟರ್ ಸೆಷನ್ಸ್ ಕೋರ್ಟುಗಳ ಕಾರ್ಯವಿಧಾನದ ಮೇಲೆ. ಭಾರೀ ವಾದಮಂಡನೆಯ ವಕೀಲನಲ್ಲ. ಮ್ಯಾಜಿಸ್ಟ್ರೇಟು, ಪ್ಯಾರಿಷ್, ತೆರಿಗೆದಾರ, ನೋಟಿಸು, ಅಪೀಲು, ಈ ಮಟ್ಟದ ಸ್ಥಳೀಯ ಆಡಳಿತದ ಒಳಹೊರಗು ಬಲ್ಲವನು. ಮುಂದೆ ಅವನ ಕಾಯ್ದೆಗಳಲ್ಲೆಲ್ಲ ಕಾಣುವುದು ಇದೇ.

1857ರಿಂದ 1862ರವರೆಗೆ ಪ್ರೆಸ್ಟನ್ ಸಂಸದ. ನಂತರ ಅದನ್ನು ಬಿಟ್ಟು ವಾರಿಂಗ್ಟನ್‌ನ ಪಾರ್ಸ್ ಬ್ಯಾಂಕಿನ ಪಾಲುದಾರಿಕೆಗೆ ಹೋದ. 1868ರಲ್ಲಿ ನೈಋತ್ಯ ಲ್ಯಾಂಕಾಶೈರ್‌ನಲ್ಲಿ ನಿಂತು ಗೆದ್ದ. ಅಲ್ಲಿ ಸೋತವರಲ್ಲಿ ಒಬ್ಬ ಸಾಕ್ಷಾತ್ ಲಿಬರಲ್ ನಾಯಕ ಗ್ಲಾಡ್‌ಸ್ಟನ್. ಆತ ಗ್ರೀನಿಚ್‌ನಿಂದಲೂ ಆಯ್ಕೆಯಾಗಿದ್ದರಿಂದ ಸಂಸತ್ತಿಗೆ ಬಂದು ಪ್ರಧಾನಿಯೂ ಆದ. 1874ರಲ್ಲಿ ಡಿಸ್ರೇಲಿ ಅಧಿಕಾರಕ್ಕೆ ಬಂದಾಗ ಕ್ರಾಸ್ ಒಂದು ಕಿರಿಯ ಮಂತ್ರಿಗಿರಿಯನ್ನೂ ನೋಡಿರಲಿಲ್ಲ. ನೇರವಾಗಿ ಗೃಹಮಂತ್ರಿ! ಹಿಂದೆ ನಿಂತಿದ್ದವನು ಹಳೆಯ ಸಹಪಾಠಿ, 15ನೇ ಅರ್ಲ್ ಆಫ್ ಡರ್ಬಿ.

ಡಿಸ್ರೇಲಿಯ ಪಾಲಿನ ಬಗ್ಗೆ: ಕ್ರಾಸ್ ತನ್ನ ನೆನಪಿನ ಬರಹದಲ್ಲಿ ಹೇಳುವ ಪ್ರಕಾರ, ಪ್ರಧಾನಿಯ ಭಾಷಣಗಳನ್ನು ಕೇಳಿದ್ದ ಈತ ಅವನ ತಲೆಯಲ್ಲಿ ಕಾನೂನಿನ ಯೋಜನೆಗಳು ಸಿದ್ಧವಾಗಿರುತ್ತವೆ ಅಂದುಕೊಂಡು ಮೊದಲ ಸಂಪುಟ ಸಭೆಗೆ ಹೋದರೆ ಅಲ್ಲಿ ಅಂಥದ್ದೇನೂ ಇರಲಿಲ್ಲ, ಮಂತ್ರಿಗಳೇ ಸಲಹೆ ತರಬೇಕಾಯಿತು. ಇದನ್ನು ಸ್ವಲ್ಪ ಉಪ್ಪು ಬೆರೆಸಿಯೇ ತಿನ್ನಬೇಕು, ಬರೆದದ್ದು ದಶಕಗಳ ನಂತರ. ಆದರೂ ಕಾಯ್ದೆಗಳ ಒಡಲು ಗೃಹ ಇಲಾಖೆಯದೇ. ಸಂಪುಟದಲ್ಲಿ ಕ್ರಾಸ್‌ಗೆ ಬೆಂಬಲವಾಗಿ ನಿಂತದ್ದು ಡಿಸ್ರೇಲಿಯ ಪಾಲು. ಕಾರ್ಮಿಕ ಕಾನೂನಿನ ವಿಷಯದಲ್ಲಿ ಆ ಬೆಂಬಲ ಸಣ್ಣದಲ್ಲ.

---

ನೀಲಿಕಡತ ಉತ್ತರ:

ವಸತಿ ಕಾಯ್ದೆ ನನಗೆ ಬಿಡಿ.

1868ರಲ್ಲೇ ಟಾರೆನ್ಸ್ ಕಾಯ್ದೆ ಅಂತೊಂದಿತ್ತು. ಅದು ಬಿಡಿ ಮನೆಗಳಿಗೆ: ಈ ಮನೆ ವಾಸಯೋಗ್ಯವಲ್ಲ, ಮಾಲೀಕ ರಿಪೇರಿ ಮಾಡಲಿ ಅಥವಾ ಕೆಡವಲಿ. ಕ್ರಾಸ್ ಹೊಸದಾಗಿ ತಂದದ್ದು ಇಡೀ ಪ್ರದೇಶ ಅನ್ನುವ ಕಲ್ಪನೆ. ಗಾಳಿ ಬೆಳಕಿಲ್ಲದ ಓಣಿಯಲ್ಲಿ ಒಂದು ಮನೆ ರಿಪೇರಿ ಮಾಡಿ ಪ್ರಯೋಜನವಿಲ್ಲ, ಓಣಿಯನ್ನೇ ಕೊಂಡು ನೆಲಸಮ ಮಾಡಿ ಹೊಸ ಬೀದಿ ಹಾಕಬೇಕು. ಲಂಡನ್‌ಗೂ, 25,000ಕ್ಕಿಂತ ಹೆಚ್ಚು ಜನರಿದ್ದ ಇಂಗ್ಲೆಂಡಿನ ಪಟ್ಟಣಗಳಿಗೂ ಅನ್ವಯ. ಸ್ಕಾಟ್ಲೆಂಡ್‌ಗೆ ಬೇರೆಯದೇ ಕಾಯ್ದೆ.

ನಡೆಯುತ್ತಿದ್ದುದು ಹೀಗೆ. ಮೊದಲು ಆರೋಗ್ಯಾಧಿಕಾರಿ, ಅಂದರೆ ಮೆಡಿಕಲ್ ಆಫೀಸರ್, ಇಂಥ ಪ್ರದೇಶ ಅನಾರೋಗ್ಯಕರ ಎಂದು ಅಧಿಕೃತ ವರದಿ ಕೊಡಬೇಕು. ಆತ ತಾನಾಗಿ ಕೊಡದಿದ್ದರೆ ಇಬ್ಬರು ಮ್ಯಾಜಿಸ್ಟ್ರೇಟರು ಅಥವಾ 12 ಮಂದಿ ತೆರಿಗೆದಾರರು ದೂರು ಕೊಟ್ಟು ತಪಾಸಣೆ ಮಾಡಿಸಬಹುದು. ವರದಿ ಬಂದ ಮೇಲೆ ಸ್ಥಳೀಯ ಸಂಸ್ಥೆ ಅದನ್ನು ಪರಿಶೀಲಿಸಿ, ಒಪ್ಪಿದರೆ ನಕ್ಷೆ, ಆಸ್ತಿ ವಿವರ, ಅಂದಾಜು ವೆಚ್ಚ ಸಹಿತ ಯೋಜನೆ ತಯಾರಿಸಬೇಕು. ಅದನ್ನು ಸೆಪ್ಟೆಂಬರ್, ಅಕ್ಟೋಬರ್ ಅಥವಾ ನವೆಂಬರ್ ತಿಂಗಳಲ್ಲಿ ಸತತ ಮೂರು ವಾರ ಪತ್ರಿಕೆಯಲ್ಲಿ ಪ್ರಕಟಿಸಬೇಕು. ಅದರ ಮುಂದಿನ ತಿಂಗಳು ಪ್ರತಿ ಮಾಲೀಕನಿಗೂ ನೋಟಿಸು. ನವೆಂಬರ್ ತಪ್ಪಿತೋ, ಒಂದು ವರ್ಷ ಹೋಯಿತು. ಆಮೇಲೆ ಲಂಡನ್ ಆದರೆ ಗೃಹಮಂತ್ರಿಗೆ, ಹೊರಗಿನ ಪಟ್ಟಣವಾದರೆ ಸ್ಥಳೀಯ ಆಡಳಿತದ ಮೇಲ್ವಿಚಾರಣೆಯ ಕೇಂದ್ರ ಇಲಾಖೆಯಾದ ಲೋಕಲ್ ಗವರ್ನ್‌ಮೆಂಟ್ ಬೋರ್ಡ್‌ಗೆ ಅರ್ಜಿ. ಅವರು ಸ್ಥಳದಲ್ಲೇ ವಿಚಾರಣೆ ನಡೆಸಿ ತಾತ್ಕಾಲಿಕ ಆದೇಶ ಹೊರಡಿಸುತ್ತಾರೆ. ಅದಕ್ಕೂ ಬಲ ಬರುವುದು ಸಂಸತ್ತು ಕಾಯ್ದೆ ಮಾಡಿ ದೃಢಪಡಿಸಿದ ಮೇಲೆಯೇ. ಆನಂತರ ಖರೀದಿ, ಬೆಲೆ ಕುದುರದಿದ್ದರೆ ಮಧ್ಯಸ್ಥಗಾರ. 15 ಅಥವಾ ಹೆಚ್ಚು ಮನೆ ತೆಗೆದುಕೊಳ್ಳುವುದಾದರೆ 13 ವಾರ ಮುಂಚೆ ಬಾಡಿಗೆದಾರರಿಗೆ ಕಾಣುವಂತೆ ನೋಟಿಸು ಅಂಟಿಸಬೇಕು.

ಇಷ್ಟಾದ ಮೇಲೆ ಮೂರು ಷರತ್ತು. ತೆರವಾದ ಕಾರ್ಮಿಕರ ಸಂಖ್ಯೆಗೆ ಕಡಿಮೆಯಿಲ್ಲದಷ್ಟು ಜನರಿಗೆ ಅದೇ ಜಾಗದಲ್ಲಿ ಅಥವಾ ಆಸುಪಾಸಿನಲ್ಲಿ ವಸತಿಯಾಗಬೇಕು. ಸ್ಥಳೀಯ ಸಂಸ್ಥೆ ಮೇಲಿನವರ ವಿಶೇಷ ಒಪ್ಪಿಗೆಯಿಲ್ಲದೆ ತಾನೇ ಮನೆ ಕಟ್ಟುವಂತಿಲ್ಲ. ಕಟ್ಟಿದರೂ 10 ವರ್ಷದೊಳಗೆ ಮಾರಬೇಕು. ಅಂದರೆ ಪುರಸಭೆ ಜಾಗ ತೆರವು ಮಾಡಿ ಕೊಡಲಿ, ಕಟ್ಟುವುದು ಪೀಬಾಡಿ ಟ್ರಸ್ಟ್‌ನಂಥ ದತ್ತಿಗಳು ಮತ್ತು ಕಂಪನಿಗಳ ಕೆಲಸ ಅನ್ನುವುದು ಕ್ರಾಸ್‌ನ ಲೆಕ್ಕ. ಕಾಯ್ದೆಯ ಯಾವ ಹಂತದಲ್ಲೂ ಪಟ್ಟಣಕ್ಕೆ ‘ಮಾಡಲೇಬೇಕು’ ಅನ್ನುವ ಒತ್ತಡವಿರಲಿಲ್ಲ. ವರದಿಯನ್ನು ಪರಿಶೀಲಿಸಿದೆವು, ಸದ್ಯಕ್ಕೆ ಬೇಡ ಅಂದರೆ ಮುಗಿಯಿತು.

87ರಲ್ಲಿ 10 ಅನ್ನುವುದಕ್ಕೆ ಅರ್ಧ ಉತ್ತರ ಇಲ್ಲೇ ಇದೆ. ಇನ್ನರ್ಧ ದುಡ್ಡಿನಲ್ಲಿ.

---

ಓದುಮನೆ:

ತುಂಬಾ ಉಪಯೋಗವಾಯಿತು. ಆದರೆ ಒಂದು ಅನುಮಾನ. ಬಲವಂತದ ಖರೀದಿಗೆ ರೂಢಿಯಲ್ಲಿ ಕೊಡುತ್ತಿದ್ದ ಶೇ. 10 ಹೆಚ್ಚುವರಿಯನ್ನು ಕ್ರಾಸ್ ಕಾಯ್ದೆ ತೆಗೆದುಹಾಕಿತ್ತು ಅಂತ ಓದಿದ್ದೆ. ಹಾಗಿದ್ದ ಮೇಲೆ ಪರಿಹಾರ ಅಷ್ಟು ದುಬಾರಿ ಆದದ್ದು ಹೇಗೆ?

---

ನೀಲಿಕಡತ ಉತ್ತರ:

ತೆಗೆದದ್ದು ನಿಜ. ಕಾಯ್ದೆಯಲ್ಲಿ ಬರೆದದ್ದು ನ್ಯಾಯವಾದ ಮಾರುಕಟ್ಟೆ ಬೆಲೆ, ಕಟ್ಟಡದ ಸ್ಥಿತಿ ಮತ್ತು ಅದು ಇನ್ನೆಷ್ಟು ದಿನ ನಿಲ್ಲುತ್ತದೆ ಅನ್ನುವುದನ್ನು ಗಮನಿಸಿ, ಬಲವಂತದ ಖರೀದಿ ಎಂಬ ಕಾರಣಕ್ಕೆ ಹೆಚ್ಚುವರಿ ಇಲ್ಲದೆ. ಕಾಗದದ ಮೇಲೆ ಅಚ್ಚುಕಟ್ಟು. ಕೆಟ್ಟದ್ದು ‘ಮಾರುಕಟ್ಟೆ ಬೆಲೆ’ ಅನ್ನುವಲ್ಲಿ.

ಕೊಳೆಗೇರಿ ಮನೆಯ ಬೆಲೆಯನ್ನು ಅಳೆಯುತ್ತಿದ್ದುದು ಬಾಡಿಗೆಯಿಂದ. ಒಂದು ಕೋಣೆಗೆ ಒಂದು ಕುಟುಂಬ ತುಂಬಿದ ಮನೆ ಒಳ್ಳೆಯ ಮನೆಗಿಂತ ಹೆಚ್ಚು ಬಾಡಿಗೆ ತರುತ್ತಿತ್ತು. ಜನಸಂದಣಿಯೇ ರೋಗದ ಕಾರಣ ಅಂತ ಕಾಯ್ದೆ ಹೇಳುತ್ತದೆ, ಅದೇ ಜನಸಂದಣಿ ಮಾಲೀಕನ ಪರಿಹಾರವನ್ನು ಏರಿಸುತ್ತದೆ! ಮೇಲಾಗಿ ಜಾಹೀರಾತಿನಿಂದ ಖರೀದಿಯವರೆಗೆ ವರ್ಷಗಟ್ಟಲೆ ಅಂತರ. ಕೆಡವುವುದು ಖಚಿತವಾದ ಮನೆಗೆ ಸುಣ್ಣ ಹೊಡೆಸುವವರು ಯಾರು? ರಿಪೇರಿ ನಿಲ್ಲಿಸಿ ಬಾಡಿಗೆ ಹಿಂಡಲು ಮಾಲೀಕನಿಗೆ ಅದು ಒಳ್ಳೆಯ ಕಾಲ. ಅಂಗಡಿ, ಸಾರಾಯಿ ಮನೆ ಇದ್ದರೆ ವ್ಯಾಪಾರ ನಷ್ಟದ ಪರಿಹಾರ ಬೇರೆ.

ಇದು ಕೊಳ್ಳುವ ಕಡೆ. ಮಾರುವ ಕಡೆ ಇನ್ನೂ ಕೆಟ್ಟದ್ದು. ನಡು ಲಂಡನ್ನಿನ ಖಾಲಿ ಜಾಗಕ್ಕೆ ಗೋದಾಮು, ಕಚೇರಿಗಳಿಗಾಗಿ ಒಂದು ಬೆಲೆ. ಕಾರ್ಮಿಕರ ಮನೆ ಮಾತ್ರ ಕಟ್ಟಬೇಕು ಅನ್ನುವ ಷರತ್ತಿನ ಮೇಲೆ ಅದರ ಒಂದು ಪಾಲಷ್ಟೆ. ಕೊಳ್ಳುವಾಗ ಮೊದಲ ಬೆಲೆ, ಮಾರುವಾಗ ಎರಡನೆಯದು. ಆ ವ್ಯತ್ಯಾಸ ಪೂರ್ತಿ ತೆರಿಗೆದಾರನ ತಲೆಗೆ. ಲಂಡನ್ನಿನ ಮೆಟ್ರೊಪಾಲಿಟನ್ ಬೋರ್ಡ್ ಆಫ್ ವರ್ಕ್ಸ್, ಅಂದರೆ ಇಡೀ ನಗರದ ಕಾಮಗಾರಿ ಮಂಡಳಿ, ಇದರಲ್ಲಿ 10 ಲಕ್ಷ ಪೌಂಡ್‌ಗೂ ಹೆಚ್ಚು ಕಳೆದುಕೊಂಡಿತು. ವೈಟ್‌ಚಾಪೆಲ್‌ನ ರಾಯಲ್ ಮಿಂಟ್ ಸ್ಟ್ರೀಟ್, ಡ್ರೂರಿ ಲೇನ್ ಪಕ್ಕದ ಗ್ರೇಟ್ ವೈಲ್ಡ್ ಸ್ಟ್ರೀಟ್ ಮುಂತಾದ ಜಾಗಗಳನ್ನು ಕೊನೆಗೆ ಪೀಬಾಡಿ ಟ್ರಸ್ಟ್ ಕೊಂಡದ್ದು ಬೋರ್ಡ್ ಕೊಟ್ಟ ಬೆಲೆಯ ಒಂದು ಭಾಗಕ್ಕೆ. 1875ರಲ್ಲಿ ವರದಿಯಾದ ವೈಟ್‌ಚಾಪೆಲ್ ಜಾಗದಲ್ಲಿ ಮನೆಗಳು ಎದ್ದದ್ದು 1881ರಲ್ಲಿ. ಅಷ್ಟರಲ್ಲಿ ಅಲ್ಲಿದ್ದ ಕೂಲಿಗಳು, ತಳ್ಳುಗಾಡಿಯವರು ಪಕ್ಕದ ಓಣಿಗಳಿಗೆ ತುಂಬಿಕೊಂಡಿದ್ದರು. ಹೊಸ ಕಟ್ಟಡದ ಬಾಡಿಗೆ ನಿಯಮಗಳಿಗೆ ಒಗ್ಗುತ್ತಿದ್ದುದು ಖಾಯಂ ಕೆಲಸದ ಕುಶಲಕರ್ಮಿಗಳೇ ಹೊರತು ಇವರಲ್ಲ.

ಇನ್ನೊಂದು ಒಳಜಗಳ ಹೆಚ್ಚು ಕಡೆ ಬರೆದಿರುವುದಿಲ್ಲ. ಲಂಡನ್ನಿನಲ್ಲಿ ಟಾರೆನ್ಸ್ ಕಾಯ್ದೆಯ ಖರ್ಚು ಆಯಾ ವೆಸ್ಟ್ರಿಯದು, ಅಂದರೆ ಬಡಾವಣೆ ಮಟ್ಟದ ಪುರಸಭೆಯದು. ಕ್ರಾಸ್ ಕಾಯ್ದೆಯ ಖರ್ಚು ಇಡೀ ಲಂಡನ್ನಿನ ಬೋರ್ಡ್‌ನದು. ಸಹಜವಾಗಿ ವೆಸ್ಟ್ರಿಗಳು ನಾಲ್ಕೈದು ಮನೆಯ ಸಣ್ಣ ಸಂದಿಯನ್ನೂ ‘ಪ್ರದೇಶ’ ಅಂತ ಬೋರ್ಡ್‌ಗೆ ದಾಟಿಸುತ್ತಿದ್ದವು, ಇದು ಟಾರೆನ್ಸ್ ಕೆಲಸ ಅಂತ ಬೋರ್ಡ್ ವಾಪಸ್ ಕಳಿಸುತ್ತಿತ್ತು. ವರದಿ ಬರೆಯಬೇಕಾದ ಆರೋಗ್ಯಾಧಿಕಾರಿಯೋ ವೆಸ್ಟ್ರಿಯ ನೌಕರ, ವೆಸ್ಟ್ರಿಯಲ್ಲಿ ಕೂತವರಲ್ಲಿ ಕೆಲವರು ಅವೇ ಮನೆಗಳ ಮಾಲೀಕರು.

ಕ್ರಾಸ್ ಸುಮ್ಮನೆ ಕೂರಲಿಲ್ಲ ಅನ್ನಬೇಕು. 1879ರ ತಿದ್ದುಪಡಿಯಲ್ಲಿ, ಉಪದ್ರವಕಾರಿ ಸ್ಥಿತಿಯಲ್ಲಿರುವ ಮನೆಗೆ ಆ ಉಪದ್ರವ ನಿವಾರಣೆಯ ಖರ್ಚನ್ನು ಕಳೆದು ಬೆಲೆ ಕಟ್ಟಬೇಕು ಅಂತ ಸೇರಿಸಿದ. ಬದಲಿ ವಸತಿ ಬೇರೆ ಅನುಕೂಲ ಜಾಗದಲ್ಲೂ ಆಗಬಹುದು ಅಂತ ಸಡಿಲಿಸಿದ. 1884ರಲ್ಲಿ ಕಾರ್ಮಿಕ ವಸತಿಯ ರಾಯಲ್ ಕಮಿಷನ್ ನೇಮಕವಾದಾಗ ಅದರ ಸದಸ್ಯನಾಗಿ ತನ್ನದೇ ಕಾಯ್ದೆಯ ಮೇಲಿನ ದೂರುಗಳನ್ನು ಕೂತು ಕೇಳಿದ. 1890ರ ಕಾಯ್ದೆ ಹಳೆಯದನ್ನೆಲ್ಲ ಒಟ್ಟು ಮಾಡಿ ಬೇರೆ ರೂಪ ಕೊಟ್ಟಿತು.

---

ಬೀದಿದೀಪ ಉತ್ತರ:

ಮೇಲಿನದಕ್ಕೆ ಒಂದು ತಕರಾರು. ಬರ್ಮಿಂಗ್‌ಹ್ಯಾಮ್ ಬಿಟ್ಟುಹೋಗಿದೆ. ಮೇಯರ್ ಜೋಸೆಫ್ ಚೇಂಬರ್ಲಿನ್ ಇದೇ ಕಾಯ್ದೆ ಹಿಡಿದು ಸುಮಾರು 90 ಎಕರೆಗೆ ಯೋಜನೆ ಹಾಕಿ, ಅದರ ಅರ್ಧದಷ್ಟನ್ನು ಕೊಂಡು ಕಾರ್ಪೊರೇಷನ್ ಸ್ಟ್ರೀಟ್ ಹಾಕಿಸಿದ. ಜಾಗವನ್ನು ಮಾರದೆ 75 ವರ್ಷದ ಗುತ್ತಿಗೆಗೆ ಕೊಟ್ಟದ್ದರಿಂದ ಅವಧಿ ಮುಗಿದಾಗ ಕಟ್ಟಡಸಮೇತ ನಗರಸಭೆಗೇ ವಾಪಸ್. ಹಣದ ಲೆಕ್ಕದಲ್ಲಿ ಲಂಡನ್ನಿಗಿಂತ ಎಷ್ಟೋ ಜಾಣ ಕೆಲಸ. ಕಾಯ್ದೆಯೇ ಕೆಲಸಕ್ಕೆ ಬಾರದ್ದು ಅನ್ನುವಂತಿಲ್ಲ, ಮನಸ್ಸಿದ್ದವರು ಬಳಸಿದರು.

---

ನೀಲಿಕಡತ ಉತ್ತರ:

ಬಳಸಿದರು, ಯಾವುದಕ್ಕೆ ಅನ್ನುವುದು ಪ್ರಶ್ನೆ. ಅಲ್ಲಿ ಎದ್ದದ್ದು ಅಂಗಡಿ ಸಾಲು, ಕಚೇರಿ. ಊರಲ್ಲಿ ಬೇರೆ ಕಡೆ ಖಾಲಿ ಮನೆಗಳಿವೆ ಅನ್ನುವ ವಾದದ ಮೇಲೆ ಬದಲಿ ವಸತಿಯನ್ನು ಮುಂದೂಡುತ್ತ ಹೋದರು. ನಗರಸಭೆ ಕಟ್ಟಿಸಿದ ಮನೆಗಳು ತೀರಾ ಕಡಿಮೆ, ಅವೂ 1890ರ ಆಸುಪಾಸಿನವು. ಬೀದಿ ಸುಧಾರಣೆಯಾಗಿ ಗೆಲುವು, ವಸತಿ ಕಾಯ್ದೆಯಾಗಿ ಅಲ್ಲ. ಹಣ ಉಳಿದದ್ದು ಕಾರ್ಮಿಕರ ವಸತಿ ಎಂಬ ನಷ್ಟದ ಬಾಬ್ತನ್ನು ಕೈಬಿಟ್ಟದ್ದರಿಂದಲೇ.

---

ಕಲಂಏಳು ಉತ್ತರ:

ಕಾರ್ಮಿಕ ಕಾನೂನಿನ ಭಾಗ. ಕ್ರಾಸ್‌ನ ಕೈಚಳಕ ಇರುವುದು ಇಲ್ಲಿ. ವಸತಿ ಕಾಯ್ದೆ ಫಲಿಸಬೇಕಾದರೆ ಯಾರೋ ದುಡ್ಡು ಹಾಕಬೇಕು, ಇನ್ಯಾರೋ ಮನಸ್ಸು ಮಾಡಬೇಕು. ಕಾರ್ಮಿಕರ ಮೇಲಿದ್ದ ಕ್ರಿಮಿನಲ್ ಹೊಣೆ ತೆಗೆಯಲು ಒಳ್ಳೆಯ ಕರಡು ಸಾಕು, ಕರಡು ಬರೆಯಿಸುವುದು ಈ ವಕೀಲನಿಗೆ ಗೊತ್ತಿತ್ತು.

ಆಗಿನ ಸ್ಥಿತಿ ಹೀಗಿತ್ತು. ಮಾಸ್ಟರ್ ಅಂಡ್ ಸರ್ವೆಂಟ್ ಕಾನೂನಿನಡಿ ಕೆಲಸಗಾರ ಒಪ್ಪಂದ ಮುರಿದು ಹೊರಟರೆ ಮ್ಯಾಜಿಸ್ಟ್ರೇಟ್ ಜೈಲಿಗೆ ಹಾಕಬಹುದಿತ್ತು. ಮಾಲೀಕ ಮುರಿದರೆ ಬರೀ ಹಣದ ವ್ಯಾಜ್ಯ. ಇಂಗ್ಲೆಂಡ್ ಮತ್ತು ವೇಲ್ಸ್‌ನಲ್ಲಿ ವರ್ಷಕ್ಕೆ ಸುಮಾರು 10,000 ಮೊಕದ್ದಮೆ. 1872ರ ಡಿಸೆಂಬರ್‌ನಲ್ಲಿ ಲಂಡನ್ನಿನ ಗ್ಯಾಸ್ ಕಾರ್ಮಿಕರು ಮುಷ್ಕರ ಹೂಡಿದಾಗ ಐವರಿಗೆ ಸಂಚಿನ ಆರೋಪದ ಮೇಲೆ 12 ತಿಂಗಳು ಶಿಕ್ಷೆಯಾಯಿತು. ಒಬ್ಬ ಮಾಡಿದರೆ ಇಷ್ಟು ದೊಡ್ಡ ಅಪರಾಧವಲ್ಲದ್ದು ಐವರು ಮಾತಾಡಿಕೊಂಡು ಮಾಡಿದರೆ ಸಂಚು. 1873ರಲ್ಲಿ ಆಕ್ಸ್‌ಫರ್ಡ್‌ಶೈರ್‌ನ ಆಸ್ಕಟ್ ಹಳ್ಳಿಯಲ್ಲಿ ಬದಲಿ ಕೂಲಿಗಳನ್ನು ತಡೆದದ್ದಕ್ಕೆ 16 ಹೆಂಗಸರು ಜೈಲಿಗೆ ಹೋದರು. ಶಿಕ್ಷೆ ಕೊಟ್ಟ ಇಬ್ಬರು ಮ್ಯಾಜಿಸ್ಟ್ರೇಟರೂ ಪಾದ್ರಿಗಳು. ಇದು 1871ರ ಪಿಕೆಟಿಂಗ್ ಕಾಯ್ದೆಯ ಫಲ; ಪಿಕೆಟಿಂಗ್ ಅಂದರೆ ಮುಷ್ಕರದ ವೇಳೆ ಕೆಲಸದ ಜಾಗದ ಬಳಿ ನಿಂತು ಬೇರೆಯವರು ಕೆಲಸಕ್ಕೆ ಹೋಗದಂತೆ ನೋಡುವುದು.

1874ರಲ್ಲಿ ಕ್ರಾಸ್ ಮೊದಲು ಮಾಡಿದ್ದು ಒಂದು ರಾಯಲ್ ಕಮಿಷನ್. ಕಾರ್ಮಿಕ ಸಂಘಟನೆಯವರು ಇದು ಕಾಲಹರಣದ ಹೂಟ ಅಂತ ಸಿಟ್ಟಾದರು. ವರದಿ ಕೂಡ ಸಪ್ಪೆ. ಆದರೆ 1875ರಲ್ಲಿ ತಂದ ಎರಡು ಕಾಯ್ದೆಗಳು ವರದಿಗಿಂತ ಬಹಳ ಮುಂದಿದ್ದವು.

ಒಂದು, ಎಂಪ್ಲಾಯರ್ಸ್ ಅಂಡ್ ವರ್ಕ್‌ಮೆನ್ ಕಾಯ್ದೆ. ಹೆಸರಿನಲ್ಲೇ ಒಡೆಯ ಮತ್ತು ಆಳು ಹೋದರು. ಒಪ್ಪಂದ ಮುರಿಯುವುದು ಇಬ್ಬರಿಗೂ ಸಿವಿಲ್ ವಿಷಯ. ಕೌಂಟಿ ಕೋರ್ಟಿಗೆ ಹೋಗಬೇಕು, ಮ್ಯಾಜಿಸ್ಟ್ರೇಟ್ ಮುಂದೆ ಬಂದರೆ 10 ಪೌಂಡ್ ಮಿತಿ. ಮನೆಯಾಳುಗಳೂ ನಾವಿಕರೂ ಹೊರಗುಳಿದರು.

ಇನ್ನೊಂದು, ಕಾನ್ಸ್‌ಪಿರಸಿ ಅಂಡ್ ಪ್ರೊಟೆಕ್ಷನ್ ಆಫ್ ಪ್ರಾಪರ್ಟಿ ಕಾಯ್ದೆ. ಇದರ 3ನೇ ಕಲಮಿನ ತಿರುಳು: ಕಾರ್ಮಿಕ ವಿವಾದದ ಸಂದರ್ಭದಲ್ಲಿ, ಒಬ್ಬ ಮಾಡಿದರೆ ಅಪರಾಧವಲ್ಲದ ಕೆಲಸವನ್ನು ಇಬ್ಬರೋ ಹೆಚ್ಚು ಮಂದಿಯೋ ಸೇರಿ ಮಾಡಲು ಒಪ್ಪಿಕೊಂಡರೆ ಅದು ಸಂಚಿನ ಅಪರಾಧವಲ್ಲ. ಗ್ಯಾಸ್ ಕಾರ್ಮಿಕರ ತೀರ್ಪಿನ ಬುಡಕ್ಕೇ ಕೊಡಲಿ. ಆದರೆ 4ನೇ ಕಲಮಿನಲ್ಲಿ ಗ್ಯಾಸ್ ಮತ್ತು ನೀರು ಸರಬರಾಜಿನವರು ಊರಿಗೆ ತೊಂದರೆಯಾಗುತ್ತದೆ ಅಂತ ಗೊತ್ತಿದ್ದೂ ಒಪ್ಪಂದ ಮುರಿದರೆ ಶಿಕ್ಷೆ ಉಳಿಯಿತು: 20 ಪೌಂಡ್ ದಂಡ ಅಥವಾ 3 ತಿಂಗಳು. 7ನೇ ಕಲಂ ಪಿಕೆಟಿಂಗ್ ಬಗ್ಗೆ. ಹಿಂಸೆ, ಬೆದರಿಕೆ, ಬಿಡದೆ ಹಿಂಬಾಲಿಸುವುದು, ಉಪಕರಣ ಬಚ್ಚಿಡುವುದು, ಮನೆಯನ್ನೋ ಕೆಲಸದ ಜಾಗವನ್ನೋ ಕಾದು ಮುತ್ತುವುದು, ಇಷ್ಟನ್ನು ಹೆಸರಿಟ್ಟು ಅಪರಾಧ ಮಾಡಿತು. ಮಾಹಿತಿ ಪಡೆಯಲು ಅಥವಾ ತಿಳಿಸಲು ಮಾತ್ರ ನಿಂತಿದ್ದರೆ ಅದು ಮುತ್ತಿಗೆಯಲ್ಲ ಅಂತ ವಿನಾಯಿತಿ ಕೊಟ್ಟಿತು. 1871ರ ಕಾಯ್ದೆ ರದ್ದಾಯಿತು. ಆ ವರ್ಷ ಗ್ಲ್ಯಾಸ್ಗೊದಲ್ಲಿ ಸೇರಿದ್ದ, ಕಾರ್ಮಿಕ ಸಂಘಗಳ ಒಕ್ಕೂಟವಾದ ಟ್ರೇಡ್ಸ್ ಯೂನಿಯನ್ ಕಾಂಗ್ರೆಸ್ ಒಬ್ಬ ಕನ್ಸರ್ವೇಟಿವ್ ಮಂತ್ರಿಗೆ ಧನ್ಯವಾದ ಹೇಳಿತು. ಎಲ್ಲರಿಗೂ ಅದು ಹಿಡಿಸಲಿಲ್ಲ.

ಎಲ್ಲಿ ಸೋರಿತು? ಎರಡು ಕಡೆ. ವಿನಾಯಿತಿಯಲ್ಲಿ ‘ಮಾಹಿತಿ’ ಇದೆ, ‘ಮನವೊಲಿಸುವುದು’ ಇಲ್ಲ. 1890ರ ದಶಕದ ಲಯನ್ಸ್ ವಿರುದ್ಧ ವಿಲ್ಕಿನ್ಸ್ ಮೊಕದ್ದಮೆಯಲ್ಲಿ ಕೋರ್ಟು ಅದನ್ನೇ ಹಿಡಿದು, ಶಾಂತವಾಗಿ ಮನವೊಲಿಸಲು ನಿಂತವರೂ ವಿನಾಯಿತಿಯ ಹೊರಗೆ ಅಂದಿತು. ಎರಡನೆಯದು, 3ನೇ ಕಲಂ ರಕ್ಷಿಸಿದ್ದು ಕ್ರಿಮಿನಲ್ ಸಂಚಿನಿಂದ ಮಾತ್ರ. ಸಿವಿಲ್ ಸಂಚಿಗೆ ನಷ್ಟ ಪರಿಹಾರ ಕೇಳುವ ದಾರಿ ತೆರೆದೇ ಇತ್ತು. 1901ರ ಟ್ಯಾಫ್ ವೇಲ್ ಮತ್ತು ಕ್ವಿನ್ ವಿರುದ್ಧ ಲೀಥಮ್ ತೀರ್ಪುಗಳು ಆ ದಾರಿಯಲ್ಲೇ ನುಗ್ಗಿದವು. ಎರಡೂ ತೂತು ಮುಚ್ಚಿದ್ದು 1906ರ ಟ್ರೇಡ್ ಡಿಸ್ಪ್ಯೂಟ್ಸ್ ಕಾಯ್ದೆ.

ಕಾರ್ಖಾನೆ ಕಾಯ್ದೆಯನ್ನು ಚುಟುಕಾಗಿ ಹೇಳುವೆ: ಕಾರ್ಮಿಕರ ಪರ ನಿಂತಿದ್ದ ಲಿಬರಲ್ ಸಂಸದ ಮಂಡೆಲ್ಲಾ ಕೇಳಿದ್ದು ವಾರಕ್ಕೆ 54 ಗಂಟೆ, ಇದ್ದದ್ದು 60, ಕ್ರಾಸ್ 1874ರಲ್ಲಿ ಜವಳಿ ಗಿರಣಿಗಳ ಹೆಂಗಸರು ಮತ್ತು ಹದಿಹರೆಯದವರಿಗೆ ಕೊಟ್ಟದ್ದು 56½. ಐದು ದಿನ ಹತ್ತು ಹತ್ತು ಗಂಟೆ, ಶನಿವಾರ ಆರೂವರೆ. ಗಂಡಸರ ಹೆಸರೆತ್ತದಿದ್ದರೂ ಹೆಂಗಸರಿಲ್ಲದೆ ಗಿರಣಿ ಓಡದು, ಹಾಗಾಗಿ ಅವರಿಗೂ ಅದೇ ಗಂಟೆ. 1878ರಲ್ಲಿ ಚದುರಿದ್ದ ಕಾರ್ಖಾನೆ ಕಾನೂನುಗಳನ್ನೆಲ್ಲ ಒಂದೇ ಕಾಯ್ದೆಗೆ ತಂದ.

---

ಹಳೇಗೆಜೆಟ್ ಉತ್ತರ:

ಬರೆಯುವಾಗ ಎಚ್ಚರ ಇರಲಿ, ಆ ಸರ್ಕಾರದ ಎಲ್ಲವೂ ಕ್ರಾಸ್‌ದಲ್ಲ. 1875ರ ಸಾರ್ವಜನಿಕ ಆರೋಗ್ಯ ಕಾಯ್ದೆ ಸ್ಕ್ಲೇಟರ್-ಬೂತ್‌ನದು, ಪರಸ್ಪರ ಸಹಾಯ ಸಂಘಗಳಾದ ಫ್ರೆಂಡ್ಲಿ ಸೊಸೈಟಿಗಳದ್ದು ನಾರ್ತ್‌ಕೋಟ್‌ನದು, 1876ರ ಶಿಕ್ಷಣ ಕಾಯ್ದೆ ಸ್ಯಾಂಡನ್‌ನದು. ಕ್ರಾಸ್‌ದಾಗಿದ್ದೂ ಯಾರೂ ನೆನೆಯದ್ದು 1877ರ ಕಾರಾಗೃಹ ಕಾಯ್ದೆ: ಕೌಂಟಿ, ಪಟ್ಟಣಗಳ ಕೈಯಲ್ಲಿದ್ದ 113 ಜೈಲುಗಳು 1878ರ ಏಪ್ರಿಲ್ 1ರಿಂದ ಗೃಹ ಇಲಾಖೆಯಡಿ ಬಂದವು, ಬೇಡದವು ಮುಚ್ಚಿದವು. ಸ್ಥಳೀಯ ತೆರಿಗೆ ಉಳಿಯುತ್ತದೆ ಅಂದದ್ದರಿಂದ ಹಳ್ಳಿಗಾಡಿನ ಮ್ಯಾಜಿಸ್ಟ್ರೇಟರು ಗೊಣಗಿಕೊಂಡೇ ಬಿಟ್ಟುಕೊಟ್ಟರು.

1892ರ ಭಾರತ ಕಾಯ್ದೆಯನ್ನು ಕ್ರಾಸ್ ಮೊದಲು ಮೇಲ್ಮನೆಯಲ್ಲಿ ತಂದದ್ದು 1890ರಲ್ಲಿ. ಅದೇ ವರ್ಷ ಕೆಳಮನೆಯಲ್ಲಿ ಚಾರ್ಲ್ಸ್ ಬ್ರಾಡ್ಲಾ ಚುನಾವಣೆ ಕೇಳುವ ತನ್ನದೇ ಮಸೂದೆ ತಂದಿದ್ದ. 1892ರಲ್ಲಿ ಕೆಳಮನೆಯಲ್ಲಿ ಸರ್ಕಾರದ ಪರ ಅದನ್ನು ಮಂಡಿಸಿದ್ದು ಉಪಮಂತ್ರಿ ಕರ್ಜನ್, ಮುಂದಿನ ವೈಸ್‌ರಾಯ್. ಕೇಂದ್ರ ಮಂಡಳಿಯ ಹೆಚ್ಚುವರಿ ಸದಸ್ಯರು 10ಕ್ಕೆ ಕಡಿಮೆಯಿಲ್ಲದೆ 16ಕ್ಕೆ ಮೀರದೆ. ಮದ್ರಾಸ್, ಬಾಂಬೆಯಲ್ಲಿ 8ರಿಂದ 20. ಬಜೆಟ್ ಚರ್ಚಿಸಬಹುದು, ಮತ ಹಾಕುವಂತಿಲ್ಲ. ಪ್ರಶ್ನೆ ಕೇಳಬಹುದು, ಉಪಪ್ರಶ್ನೆ ಇಲ್ಲ. ‘ಚುನಾವಣೆ’ ಅನ್ನುವ ಶಬ್ದ ಕಾಯ್ದೆಯಲ್ಲೇ ಇಲ್ಲ; ನಾಮಕರಣದ ನಿಯಮಗಳನ್ನು ಮಾಡುವ ಅಧಿಕಾರವನ್ನು ವೈಸ್‌ರಾಯ್‌ಗೆ ಬಿಟ್ಟು, ಆ ನಿಯಮಗಳ ಒಳಗೆ ಸಂಸ್ಥೆಗಳು ಹೆಸರು ಸೂಚಿಸುವ, ಸರ್ಕಾರ ನೇಮಿಸುವ ಏರ್ಪಾಡಾಯಿತು. ಅಧಿಕಾರಿಗಳ ಬಹುಮತ ಹಾಗೇ ಉಳಿಯಿತು. ಚುನಾವಣಾ ತತ್ವ ಸ್ಪಷ್ಟವಾಗಿ ಬರಲಿ ಅಂತ ಶ್ವಾನ್ ಎಂಬ ಸದಸ್ಯ ತಿದ್ದುಪಡಿ ತಂದಾಗ, ನಿಯಮಗಳ ಮೂಲಕ ಅದಕ್ಕೆ ಅವಕಾಶವಿದೆ ಅನ್ನುವ ಅರ್ಥದಲ್ಲಿ ಗ್ಲಾಡ್‌ಸ್ಟನ್ ಮಾತಾಡಿ ಅದನ್ನು ಹಿಂತೆಗೆಸಿದ. 1868ರಲ್ಲಿ ಯಾರ ಎದುರು ಸೋತಿದ್ದನೋ ಅವನ ಮಸೂದೆಗೇ ದಾರಿ ಬಿಡಿಸಿಕೊಟ್ಟಂತಾಯಿತು.

ಕ್ರಾಸ್ ಆಮೇಲೆ 1895ರಿಂದ 1900ರವರೆಗೆ ಲಾರ್ಡ್ ಪ್ರಿವಿ ಸೀಲ್ ಎಂಬ ಸಂಪುಟ ಹುದ್ದೆಯಲ್ಲಿದ್ದು, 1914ರ ಜನವರಿ 8ರಂದು ತೀರಿಕೊಂಡ.

---

ಓದುಮನೆ:

ಎಲ್ಲರಿಗೂ ಧನ್ಯವಾದ. 1875ರ ಎರಡು ಕಾರ್ಮಿಕ ಕಾಯ್ದೆಗಳ ಮೂಲ ಪಠ್ಯ ಓದುವುದಾದರೆ ಯಾವುದರಿಂದ ಶುರು ಮಾಡಲಿ?

---

ಕಲಂಏಳು ಉತ್ತರ:

ಕಾನ್ಸ್‌ಪಿರಸಿ ಕಾಯ್ದೆಯಿಂದ. ಒಟ್ಟು ಕೆಲವೇ ಪುಟ. 3, 4, 5, 7ನೇ ಕಲಂ ಓದಿ, ಆಮೇಲೆ ರದ್ದತಿಯ 17ಕ್ಕೆ ಹೋಗಿ, ಆಗ 1871ರದ್ದರಲ್ಲಿ ಏನು ಉಳಿಯಿತು ಏನು ಹೋಯಿತು ಅಂತ ಪಕ್ಕಪಕ್ಕ ಇಟ್ಟು ನೋಡಬಹುದು. ತಿದ್ದುಪಡಿಗಳನ್ನು ಸೇರಿಸಿದ ನಂತರದ ಪ್ರತಿ ಬೇಡ, 1875ರ ಮೂಲ ಮುದ್ರಣವೇ ಬೇಕು. 7ನೇ ಕಲಮಿನ ಕೊನೆಯ ವಿನಾಯಿತಿಯನ್ನು 1906ರಲ್ಲಿ ತೆಗೆದುಹಾಕಿರುವುದರಿಂದ ಹೊಸ ಪ್ರತಿಗಳಲ್ಲಿ ಅದು ಸಿಗುವುದಿಲ್ಲ.